ಹತ್ತೊಂಬತ್ತನೆಯ ಮಗು

ಶ್ರೀರಂಗಪಟ್ಟಣಕ್ಕೆ ಶಾಲಾ ಪ್ರವಾಸ. ಕೈಯಲ್ಲಿರುವುದು 5,000 ರೂಪಾಯಿ. ವ್ಯಾನಿನ ಬಾಡಿಗೆ 3,500. ಊಟ ತಿಂಡಿಗೆ ತಲೆಗೆ 80. ಎಷ್ಟು ಮಕ್ಕಳನ್ನು ಕರೆದೊಯ್ಯಬಹುದು?

ತರಗತಿಯಲ್ಲಿ ಈ ಲೆಕ್ಕ ಕೊಟ್ಟೆ. ಹಲವರು ಮಕ್ಕಳ ಸಂಖ್ಯೆಯನ್ನು ‘ಕ’ ಎಂದಿಟ್ಟುಕೊಂಡು 3,500 + 80ಕ = 5,000 ಎಂದು ಸಮೀಕರಣ ಬರೆದರು. ಉತ್ತರ 18.75. ಮುಕ್ಕಾಲು ಮಗುವನ್ನು ವ್ಯಾನು ಹತ್ತಿಸುವುದೆಂತು? ಅರ್ಧಕ್ಕೆ ಮೀರಿದ್ದನ್ನು ಒಂದೆಂದು ಹಿಡಿಯಿರಿ ಎಂದು ಕಲಿಸಿದವರು ನಾವೇ ಅಲ್ಲವೆ? 19 ಎಂದರು. ಆದರೆ ಹತ್ತೊಂಬತ್ತು ಮಂದಿಗೆ 5,020 ಬೇಕು. ಕೊನೆಯ ಮಗು ಎಲೆಯ ಮುಂದೆ ಕುಳಿತಾಗ 20 ರೂಪಾಯಿ ಕೊರತೆ!

ಇಲ್ಲಿ ಬೇಕಾದದ್ದು ಅಸಮತೆ. ಖರ್ಚು 5,000 ಮೀರಬಾರದು: 3,500 + 80ಕ ≤ 5,000. ಹೆಚ್ಚೆಂದರೆ 18 ಮಕ್ಕಳು. 60 ರೂಪಾಯಿ ಉಳಿಯುತ್ತದೆ.

<, > ಚಿಹ್ನೆಗಳು 1631ರಲ್ಲಿ, ಇಂಗ್ಲೆಂಡಿನ ಥಾಮಸ್ ಹ್ಯಾರಿಯಟ್ ತೀರಿಕೊಂಡ ಹತ್ತು ವರ್ಷಗಳ ಮೇಲೆ, ಅವನ ಪುಸ್ತಕದಲ್ಲಿ ಅಚ್ಚಾದವು. ಚಿಹ್ನೆ ಕಷ್ಟವಲ್ಲ, ಮಕ್ಕಳು ಎಡವುವುದು ಮಾತಿನಲ್ಲಿ. ‘ತಿಂಗಳ ಉಳಿತಾಯ 500ಕ್ಕಿಂತ ಕಡಮೆ ಇರಬಾರದು’ ಎಂದರೆ ‘ಕಡಮೆ’ ಕಂಡೊಡನೆ ≤ ಹಾಕಿಬಿಡುತ್ತಾರೆ. ಬೇಕಾದದ್ದು ≥. ವಾಕ್ಯದ ತುದಿಯಲ್ಲಿ ಕುಳಿತ ‘ಬಾರದು’ ಅರ್ಥವನ್ನೇ ತಿರುಗಿಸಿರುತ್ತದೆ. ಹಾಗಾಗಿ ಈಗ ಪೆನ್ಸಿಲ್ ಕೆಳಗಿಡಿಸಿ, ವಾಕ್ಯವನ್ನು ಕೊನೆಯವರೆಗೆ ಓದಿಸುತ್ತೇನೆ. ಆಮೇಲೆ ಒಂದೇ ಪ್ರಶ್ನೆ: 600 ಉಳಿಸಿದರೆ ಮನೆಯಲ್ಲಿ ಬೈಯುತ್ತಾರೆಯೆ?

ಅಂದು ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು, “ಆ ಇಪ್ಪತ್ತು ರೂಪಾಯಿ ನೀವೇ ಹಾಕಬಾರದೆ ಸಾರ್?” ಎಂದ. ಹಾಕಿದರೆ ಬಲಗಡೆ 5,020 ಆಗುತ್ತದೆ, 19 ಸರಿಯಾಗಿ ಕೂರುತ್ತದೆ. ≤ ಚಿಹ್ನೆಗೆ ಅಡಿಗೆರೆ ಇರುವುದು ಅದಕ್ಕೇ.