ತೊದಲು ಮಾತಿನಲ್ಲಿ ಹುಟ್ಟಿದ ಹೆಸರು

ಮಗುವಿಗೆ ಹೆಸರಿಡುವ ಮುನ್ನ ಅದರ ಅರ್ಥವೇನೆಂದು ವಿಚಾರಿಸುವುದು ನಮ್ಮಲ್ಲಿ ರೂಢಿ. ಇಂಗ್ಲಿಷರ ನಾಡಿನಲ್ಲೂ ಈ ಕುತೂಹಲ ಕಡಿಮೆಯೇನಲ್ಲ. ಹೆಸರುಗಳ ಅರ್ಥ ತಿಳಿಸುವ ಪುಸ್ತಕಗಳು ಅಲ್ಲಿಯೂ ಬೇಕಾದಷ್ಟಿವೆ. ಮಾರ್ಗರೆಟ್ ಎಂದರೆ ಮುತ್ತು, ಪೀಟರ್ ಎಂದರೆ ಬಂಡೆ, ಸೋಫಿಯಾ ಎಂದರೆ ಜ್ಞಾನ ಎಂದು ಅವು ಗ್ರೀಕ್ ಮೂಲವನ್ನು ತೋರಿಸಿ ಹೇಳುತ್ತವೆ. ಆದರೆ 'ವೆಂಡಿ' ಎಂಬ ಹೆಸರಿಗೆ ಬಂದಾಗ ಈ ಪುಸ್ತಕಗಳು ತಡವರಿಸುತ್ತವೆ. ಒಂದು 'ಸ್ನೇಹಿತೆ' ಎನ್ನುತ್ತದೆ, ಇನ್ನೊಂದು 'ಬಿಳಿಯ ಉಂಗುರ' ಎನ್ನುತ್ತದೆ. ಈ ಎರಡು ಅರ್ಥಗಳಿಗೂ ಪರಸ್ಪರ ಸಂಬಂಧವೇ ಇಲ್ಲ. ಹಾಗಾದರೆ ಯಾವುದು ಸರಿ? ಉತ್ತರ ಹುಡುಕಲು ಯಾವ ಪ್ರಾಚೀನ ಭಾಷೆಗೂ ಹೋಗಬೇಕಾಗಿಲ್ಲ; ನೂರಮೂವತ್ತು ವರ್ಷಗಳ ಹಿಂದೆ ಬದುಕಿದ್ದ ಒಂದು ಪುಟ್ಟ ಹುಡುಗಿಯ ಬಳಿಗೆ ಹೋದರೆ ಸಾಕು.

ವೆಂಡಿ ಎಂಬ ಹೆಸರನ್ನು ಲೋಕಪ್ರಸಿದ್ಧಗೊಳಿಸಿದವನು ಜೇಮ್ಸ್ ಮ್ಯಾಥ್ಯೂ ಬ್ಯಾರಿ. 1860ರಲ್ಲಿ ಸ್ಕಾಟ್ಲೆಂಡಿನ ಕಿರಿಮ್ಯೂರ್ ಎಂಬ ಸಣ್ಣ ಊರಿನಲ್ಲಿ ಒಬ್ಬ ನೇಕಾರನ ಮಗನಾಗಿ ಹುಟ್ಟಿದ ಈತ ಲಂಡನ್ನಿಗೆ ಬಂದು ಲೇಖಕನಾಗಿ, ನಾಟಕಕಾರನಾಗಿ ಹೆಸರು ಮಾಡಿದ. ಈತನ 'ಪೀಟರ್ ಪ್ಯಾನ್' ನಾಟಕ 1904ರ ಡಿಸೆಂಬರ್ 27ರಂದು ಲಂಡನ್ನಿನ ಡ್ಯೂಕ್ ಆಫ್ ಯಾರ್ಕ್ಸ್ ರಂಗಮಂದಿರದಲ್ಲಿ ಮೊದಲ ಬಾರಿ ಪ್ರದರ್ಶನಗೊಂಡಿತು. ಎಂದೂ ದೊಡ್ಡವನಾಗದ ಹುಡುಗ ಪೀಟರ್, ಡಾರ್ಲಿಂಗ್ ಕುಟುಂಬದ ಮಕ್ಕಳನ್ನು ಕಿಟಕಿಯಿಂದ ಹಾರಿಸಿಕೊಂಡು ತನ್ನ ಮಾಯಾದ್ವೀಪಕ್ಕೆ ಒಯ್ಯುತ್ತಾನೆ. ಆ ಮಕ್ಕಳಲ್ಲಿ ಹಿರಿಯಳೇ ವೆಂಡಿ. ತಾಯಿಯಿಲ್ಲದ ಹುಡುಗರಿಗೆ ಕಥೆ ಹೇಳಿ, ಹರಿದ ಬಟ್ಟೆ ಹೊಲಿದು, ತಾಯಿಯಂತೆ ನೋಡಿಕೊಳ್ಳುವ ಹುಡುಗಿ ಆಕೆ. ನಾಟಕ ಅಪಾರ ಜನಪ್ರಿಯವಾಯಿತು. 1911ರಲ್ಲಿ ಬ್ಯಾರಿ ಇದೇ ಕಥೆಯನ್ನು 'ಪೀಟರ್ ಅಂಡ್ ವೆಂಡಿ' ಎಂಬ ಕಾದಂಬರಿಯಾಗಿ ಬರೆದಾಗ ಆ ಹುಡುಗಿಯ ಹೆಸರು ಪುಸ್ತಕದ ಮುಖಪುಟಕ್ಕೇ ಏರಿತು.

ಈ ಹೆಸರು ಬ್ಯಾರಿಗೆ ಎಲ್ಲಿಂದ ಸಿಕ್ಕಿತು? ಇಲ್ಲಿ ಇನ್ನೊಬ್ಬ ಲೇಖಕನ ಪ್ರವೇಶವಾಗುತ್ತದೆ. ಕವಿ ವಿಲಿಯಂ ಅರ್ನೆಸ್ಟ್ ಹೆನ್ಲಿ ಆ ಕಾಲದ ಪ್ರಭಾವಿ ಸಂಪಾದಕ. ಅವನ 'ನ್ಯಾಷನಲ್ ಅಬ್ಸರ್ವರ್' ಪತ್ರಿಕೆಗೆ ಬ್ಯಾರಿಯೂ ಬರೆಯುತ್ತಿದ್ದ. ಎಳೆಯ ವಯಸ್ಸಿನಲ್ಲೇ ಕ್ಷಯರೋಗ ತಗಲಿ ಹೆನ್ಲಿಯ ಒಂದು ಕಾಲನ್ನು ಕತ್ತರಿಸಬೇಕಾಗಿತ್ತು. ಊರುಗೋಲು ಹಿಡಿದೂ ಅಬ್ಬರಿಸಿ ನಗುತ್ತಿದ್ದ ಈ ಭಾರೀ ಆಳನ್ನು ಕಂಡೇ ಸ್ಟೀವನ್ಸನ್ ತನ್ನ 'ಟ್ರೆಷರ್ ಐಲೆಂಡ್' ಕಾದಂಬರಿಯ ಒಂಟಿಕಾಲಿನ ಕಡಲುಗಳ್ಳ ಲಾಂಗ್ ಜಾನ್ ಸಿಲ್ವರನನ್ನು ರೂಪಿಸಿದ್ದು. ನೆಲ್ಸನ್ ಮಂಡೇಲಾ ಸೆರೆಮನೆಯಲ್ಲಿ ಮೆಚ್ಚಿಕೊಂಡಿದ್ದ 'ಇನ್ವಿಕ್ಟಸ್' ಕವಿತೆಯನ್ನು ಬರೆದವನೂ ಈ ಹೆನ್ಲಿಯೇ.

ಹೆನ್ಲಿ ದಂಪತಿಗೆ ಇದ್ದವಳು ಒಬ್ಬಳೇ ಮಗಳು, ಮಾರ್ಗರೆಟ್. 1888ರಲ್ಲಿ ಹುಟ್ಟಿದವಳು. ಮನೆಗೆ ಬರುತ್ತಿದ್ದ ಬ್ಯಾರಿ ಅವಳಿಗೆ ಅಚ್ಚುಮೆಚ್ಚು. ಸ್ನೇಹಿತ ಎಂಬರ್ಥದ 'ಫ್ರೆಂಡ್' ಪದವನ್ನು ಮುದ್ದು ಮಾಡಿ ಅವನನ್ನು 'ಮೈ ಫ್ರೆಂಡಿ' ಎಂದು ಕರೆಯುವುದು ಅವಳ ಆಸೆ. ಆದರೆ ನಾಲಗೆ ಇನ್ನೂ ತಿರುಗದು. ನಮ್ಮ ಮಕ್ಕಳು 'ರಾಮ' ಎನ್ನಲು ಹೋಗಿ 'ಲಾಮ' ಎನ್ನುವುದುಂಟಷ್ಟೆ. ಇಂಗ್ಲಿಷ್ ಮಕ್ಕಳ ಬಾಯಲ್ಲಿ ರಕಾರವು ಸಾಮಾನ್ಯವಾಗಿ ವಕಾರವಾಗುತ್ತದೆ. 'ರ್ಯಾಬಿಟ್' ಹೋಗಿ 'ವ್ಯಾಬಿಟ್' ಆಗುತ್ತದೆ. ಹೀಗೆ ಮಾರ್ಗರೆಟ್ಟಳ 'ಫ್ರೆಂಡಿ' ಹೋಗಿ 'ಫ್ವೆಂಡಿ' ಆಯಿತು. ಆ ಫ್ವೆಂಡಿಯೇ ಸವೆದು 'ವೆಂಡಿ'.

ಆ ಮಗು ಬಹಳ ಕಾಲ ಬಾಳಲಿಲ್ಲ. 1894ರ ಫೆಬ್ರವರಿಯಲ್ಲಿ, ಐದು ವರ್ಷ ತುಂಬಿದ್ದ ಮಾರ್ಗರೆಟ್ ಮಿದುಳಿನ ಪೊರೆಯ ಉರಿಯೂತದಿಂದ ತೀರಿಕೊಂಡಳು. ಬೆಡ್‌ಫರ್ಡ್‌ಷೈರಿನ ಕಾಕೇನ್ ಹ್ಯಾಟ್ಲಿ ಎಂಬ ಹಳ್ಳಿಯ ಚರ್ಚಿನ ಅಂಗಳದಲ್ಲಿ ಅವಳ ಸಮಾಧಿಯಿದೆ. ಹತ್ತು ವರ್ಷಗಳ ನಂತರ, ನಾಟಕದ ನಾಯಕಿಗೆ ಹೆಸರು ಬೇಕಾದಾಗ, ಬ್ಯಾರಿ ಆ ತೊದಲು ಮಾತನ್ನೇ ಎತ್ತಿಕೊಂಡ. ಅಷ್ಟು ಹೊತ್ತಿಗೆ ಹೆನ್ಲಿಯೂ ಇರಲಿಲ್ಲ. 1903ರಲ್ಲಿ ತೀರಿಕೊಂಡ ಅವನ ಚಿತಾಭಸ್ಮವನ್ನು ಮಗಳ ಸಮಾಧಿಯಲ್ಲೇ ಇರಿಸಲಾಗಿತ್ತು.

ಎಂದೂ ಬೆಳೆಯದ ಮಗುವಿನ ಕಲ್ಪನೆ ಬ್ಯಾರಿಗೆ ಹೊಸದಲ್ಲ. ಅವನು ಆರು ವರ್ಷದವನಿದ್ದಾಗ ಅಣ್ಣ ಡೇವಿಡ್ ಹಿಮದ ಮೇಲೆ ಜಾರುವಾಟದ ಅವಘಡದಲ್ಲಿ ಸತ್ತಿದ್ದ. ಅವನಿಗೆ ಹದಿನಾಲ್ಕು ತುಂಬಲು ಇನ್ನೇನು ಬಂದಿತ್ತು. ಸತ್ತ ಮಗ ತನ್ನ ಪಾಲಿಗೆ ಸದಾ ಹುಡುಗನೇ ಎಂಬುದೊಂದೇ ತಾಯಿಗೆ ಉಳಿದ ಸಮಾಧಾನ. ಈ ದುಃಖದ ಮನೆಯಲ್ಲಿ ಬೆಳೆದವನು ಪೀಟರ್ ಪ್ಯಾನನನ್ನು ಸೃಷ್ಟಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಆದರೆ ನಾಟಕದಲ್ಲಿ ಪೀಟರ್ ಬೆಳೆಯುವುದಿಲ್ಲ. ವೆಂಡಿ ಮನೆಗೆ ಮರಳಿ ಬೆಳೆಯುತ್ತಾಳೆ. ನಿಜವಾದ ಮಾರ್ಗರೆಟ್ಟಳಿಗೆ ದಕ್ಕದ ಆಯುಸ್ಸು ಅವಳ ಮಾತಿನಿಂದ ಹುಟ್ಟಿದ ಹುಡುಗಿಗೆ ದಕ್ಕಿತು.

ವೆಂಡಿ ಎಂಬ ಹೆಸರು ಬ್ಯಾರಿಯ ಸ್ವಂತ ಸೃಷ್ಟಿ ಎಂದು ಹಲವರು ಹೇಳುವುದುಂಟು. ಇದು ಪೂರ್ತಿ ನಿಜವಲ್ಲ. ಕೇಂಬ್ರಿಡ್ಜ್‌ಷೈರಿನಲ್ಲಿ ವೆಂಡಿ ಎಂಬ ಹಳ್ಳಿಯೇ ಇದೆ. 1086ರ 'ಡೂಮ್ಸ್‌ಡೇ' ಗ್ರಂಥದಷ್ಟು ಹಳೆಯ ದಾಖಲೆಯಲ್ಲೂ ಅದು ಸಿಗುತ್ತದೆ. ಹೊಳೆಯ ತಿರುವಿನಲ್ಲಿರುವ ನಡುಗಡ್ಡೆ ಎಂದು ಅದರ ಅರ್ಥ. ದೊರೆ ಎಂಟನೇ ಹೆನ್ರಿಯ ವೈದ್ಯನಾಗಿದ್ದವನು ಥಾಮಸ್ ವೆಂಡಿ. ಅಂದರೆ ಕುಲನಾಮವಾಗಿಯೂ ಈ ಪದ ಬಳಕೆಯಲ್ಲಿತ್ತು. ವೇಲ್ಸ್ ಮೂಲದ 'ಗ್ವೆಂಡೊಲೆನ್' ಎಂಬ ಹೆಸರು ವಿಕ್ಟೋರಿಯಾ ರಾಣಿಯ ಕಾಲದಲ್ಲಿ ಜನಪ್ರಿಯವಾಗಿತ್ತು. ಅದರ 'ಗ್ವೆನ್' ಎಂಬ ಭಾಗಕ್ಕೆ ಬಿಳಿ, ಪವಿತ್ರ ಎಂಬ ಅರ್ಥವಿದೆ, 'ಡೊಲೆನ್' ಎಂದರೆ ಬಳೆಯಂಥ ಕುಣಿಕೆ. 'ಬಿಳಿಯ ಉಂಗುರ' ಎಂಬ ಅರ್ಥ ಬಂದದ್ದು ಇಲ್ಲಿಂದ. ಹತ್ತೊಂಬತ್ತನೇ ಶತಮಾನದ ದಾಖಲೆಗಳಲ್ಲೂ ಅಲ್ಲೊಬ್ಬ ಇಲ್ಲೊಬ್ಬ ವೆಂಡಿ ಸಿಗುತ್ತಾಳೆ. ಆದರೂ ಅದೊಂದು ಚಾಲ್ತಿಯ ಹೆಸರಾದದ್ದು ನಾಟಕದ ನಂತರವೇ.

ಸಾಹಿತ್ಯದಿಂದ ಮನೆಯೊಳಗೆ ಬಂದ ಹೆಸರು ಇದೊಂದೇ ಅಲ್ಲ. 'ಪಮೇಲಾ' ಹದಿನಾರನೇ ಶತಮಾನದ ಫಿಲಿಪ್ ಸಿಡ್ನಿಯ ಕಥನದಿಂದ ಬಂದದ್ದು. 'ವೆನೆಸ್ಸಾ' ಎಂಬುದನ್ನು ಜೊನಾಥನ್ ಸ್ವಿಫ್ಟ್ ತನ್ನ ಗೆಳತಿ ಎಸ್ತರ್ ವ್ಯಾನ್‌ಹೋಮ್ರಿಯ ಹೆಸರಿನ ತುಣುಕುಗಳನ್ನು ಜೋಡಿಸಿ ಕಟ್ಟಿದ. ಇವೆಲ್ಲ ಪಂಡಿತರು ಹೊಸೆದ ಹೆಸರುಗಳು. ವೆಂಡಿ ಮಾತ್ರ ಮಗುವಿನ ಕೊಡುಗೆ.

ನಾಟಕ ನೋಡಿ ಬೆಳೆದ ಪೀಳಿಗೆ ತನ್ನ ಹೆಣ್ಣುಮಕ್ಕಳಿಗೆ ಈ ಹೆಸರಿಟ್ಟಿತು. ಮುಂದೆ ಆಸ್ಕರ್ ಪ್ರಶಸ್ತಿ ಪಡೆದ ಬ್ರಿಟಿಷ್ ನಟಿ ವೆಂಡಿ ಹಿಲ್ಲರ್ ಹುಟ್ಟಿದ್ದು 1912ರಲ್ಲಿ. 1953ರಲ್ಲಿ ಡಿಸ್ನಿ ಸಂಸ್ಥೆಯ ವ್ಯಂಗ್ಯಚಿತ್ರ ಚಲನಚಿತ್ರ ಬಂದ ಮೇಲೆ ಹೆಸರು ಅಮೆರಿಕದಲ್ಲೂ ಹಬ್ಬಿ, 1970ರ ಸುಮಾರಿಗೆ ಅಲ್ಲಿನ ಐವತ್ತು ಅತಿ ಜನಪ್ರಿಯ ಹೆಣ್ಣು ಹೆಸರುಗಳಲ್ಲಿ ಒಂದಾಯಿತು. ನಮ್ಮಲ್ಲಿ ಈ ಹೆಸರು ಪರಿಚಿತವಾಗಿರುವುದು 1940ರಲ್ಲಿ ಹುಟ್ಟಿದ ವಿದ್ವಾಂಸೆ ವೆಂಡಿ ಡಾನಿಗರ್ ಅವರಿಂದ. ಹಿಂದೂ ಧರ್ಮ ಕುರಿತ ಅವರ ಗ್ರಂಥ 2014ರಲ್ಲಿ ಭಾರತದಲ್ಲಿ ದೊಡ್ಡ ವಿವಾದವನ್ನೇ ಎಬ್ಬಿಸಿತು. ಈಗ ಹೊಸ ಕೂಸುಗಳಲ್ಲಿ ವೆಂಡಿಯರು ವಿರಳ. ಅಜ್ಜಿಯರ ಹೆಸರಾಗುವ ಸರದಿ ಅದಕ್ಕೂ ಬಂದಿದೆ.

ಹೆಸರು ನಾಮಪದವಾಗಿಯೂ ಉಳಿದಿದೆ. ನಾಟಕದಲ್ಲಿ ಬಾಣ ತಗಲಿ ಬಿದ್ದ ವೆಂಡಿಯನ್ನು ಎತ್ತಲು ಅಂಜಿದ ಹುಡುಗರು ಅವಳ ಸುತ್ತಲೇ ಒಂದು ಪುಟ್ಟ ಮನೆ ಕಟ್ಟುತ್ತಾರೆ. ಅಂದಿನಿಂದ ಬ್ರಿಟನ್ನಿನಲ್ಲಿ ಮಕ್ಕಳ ಆಟದ ಮನೆಗೆ 'ವೆಂಡಿ ಹೌಸ್' ಎಂದೇ ಹೆಸರು. ಅಮೆರಿಕದ ಪ್ರಸಿದ್ಧ ಹ್ಯಾಂಬರ್ಗರ್ ಹೋಟೆಲುಗಳ ಸರಣಿ 'ವೆಂಡೀಸ್' 1969ರಲ್ಲಿ ಆರಂಭವಾದಾಗ ಅದರ ಸ್ಥಾಪಕ ಡೇವ್ ಥಾಮಸ್ ಅದಕ್ಕೆ ತನ್ನ ಮಗಳ ಅಡ್ಡಹೆಸರನ್ನಿಟ್ಟ. ಅವಳ ನಿಜನಾಮ ಮೆಲಿಂಡಾ. ಒಡಹುಟ್ಟಿದವರಿಗೆ ಆ ಹೆಸರು ಉಚ್ಚರಿಸಲು ಬಾರದೆ 'ವೆಂಡಾ' ಎಂದು, ಕೊನೆಗೆ 'ವೆಂಡಿ' ಎಂದು ಕರೆದರು. ಎರಡನೇ ಬಾರಿಯೂ ಈ ಹೆಸರು ಮಕ್ಕಳ ತಿರುಗದ ನಾಲಗೆಯಿಂದಲೇ ಬಂದಿತು!

1929ರಲ್ಲಿ ಬ್ಯಾರಿ 'ಪೀಟರ್ ಪ್ಯಾನ್' ಕೃತಿಯ ಹಕ್ಕುಗಳನ್ನು ಲಂಡನ್ನಿನ ಗ್ರೇಟ್ ಆರ್ಮಂಡ್ ಸ್ಟ್ರೀಟ್ ಮಕ್ಕಳ ಆಸ್ಪತ್ರೆಗೆ ದಾನ ಮಾಡಿದ. ಅವನು ಸತ್ತು ಐವತ್ತು ವರ್ಷ ಕಳೆದು 1987ರ ಕೊನೆಗೆ ಹಕ್ಕಿನ ಅವಧಿ ಮುಗಿದಾಗ, ಬ್ರಿಟಿಷ್ ಸಂಸತ್ತು 1988ರ ಕಾಯಿದೆಯಲ್ಲಿ ವಿಶೇಷ ಅವಕಾಶ ಕಲ್ಪಿಸಿ, ಬ್ರಿಟನ್ನಿನಲ್ಲಿ ಅದರ ಗೌರವಧನ ಎಂದೆಂದಿಗೂ ಆ ಆಸ್ಪತ್ರೆಗೇ ಸಲ್ಲುವಂತೆ ಮಾಡಿತು. ಐದರ ವಯಸ್ಸಿನಲ್ಲಿ ರೋಗಕ್ಕೆ ತುತ್ತಾದ ಮಗುವೊಂದರ ಮಾತು ಹೀಗೆ ರೋಗಿ ಮಕ್ಕಳ ಆರೈಕೆಗೆ ನೆರವಾಗುತ್ತಿದೆ.

ಹೆಸರಿನ ಅರ್ಥವನ್ನು ಧಾತುವಿನಲ್ಲಿ ಹುಡುಕುವುದು ತಪ್ಪೇನಲ್ಲ. ಆದರೆ ಕೆಲವು ಹೆಸರುಗಳ ಅರ್ಥ ಇರುವುದು ಅದನ್ನು ಮೊದಲು ಉಚ್ಚರಿಸಿದವರ ಪ್ರೀತಿಯಲ್ಲಿ. ಆ ಲೆಕ್ಕದಲ್ಲಿ 'ಸ್ನೇಹಿತೆ' ಎಂದ ಪುಸ್ತಕವೇ ಸತ್ಯಕ್ಕೆ ಹತ್ತಿರ. ಕಾದಂಬರಿಯ ಕೊನೆಯಲ್ಲಿ ವೆಂಡಿ ಮುದುಕಿಯಾಗುತ್ತಾಳೆ. ಅವಳ ಮಗಳು ಜೇನ್ ಪೀಟರನೊಂದಿಗೆ ಹಾರಿಹೋಗುತ್ತಾಳೆ, ಜೇನ್ ಬೆಳೆದ ಮೇಲೆ ಅವಳ ಮಗಳು. ಆ ಮೊಮ್ಮಗಳಿಗೆ ಬ್ಯಾರಿ ಇಟ್ಟ ಹೆಸರು ಮಾರ್ಗರೆಟ್.