ಜಪ್ತಿಗೂ ಹರಾಜಿಗೂ ನಡುವೆ

2019ರ ಜೂನ್‌ನಲ್ಲಿ ಬೆಂಗಳೂರಿನ ಐಎಂಎ ಸಂಸ್ಥೆ ಕುಸಿದಾಗ ದೂರು ಕೊಡಲು ಶಿವಾಜಿನಗರದಲ್ಲಿ ಸಾವಿರಾರು ಜನ ಸಾಲುಗಟ್ಟಿ ನಿಂತರು. ಮಗಳ ಮದುವೆಗೆಂದು ಕೂಡಿಟ್ಟದ್ದು, ನಿವೃತ್ತಿಯ ಇಡುಗಂಟು, ಒಡವೆ ಮಾರಿ ತಂದ ದುಡ್ಡು ಎಲ್ಲವೂ ಅಲ್ಲಿ ಮುಳುಗಿತ್ತು. ಸಂಸ್ಥೆಯ ಆಸ್ತಿ ಎರಡು ಕಡೆಯಿಂದ ಜಪ್ತಿಯಾಯಿತು. ಒಂದು ಕಡೆ ಠೇವಣಿದಾರರ ಹಿತರಕ್ಷಣೆಗೆಂದು ಕರ್ನಾಟಕ 2004ರಲ್ಲಿ ಮಾಡಿಕೊಂಡ ಕಾಯ್ದೆ, ಇನ್ನೊಂದು ಕಡೆ ಅಕ್ರಮ ಹಣ ವರ್ಗಾವಣೆ ತಡೆ ಕಾಯ್ದೆಯ ಬಲದಿಂದ ಬಂದ ಜಾರಿ ನಿರ್ದೇಶನಾಲಯ, ಅಂದರೆ ಇ.ಡಿ. ಸಿಕ್ಕ ಆಸ್ತಿಯನ್ನು ಬೇಗ ಹರಾಜು ಹಾಕಿ ಹಣ ಹಿಂದಿರುಗಿಸಲಿ ಎಂದು ಠೇವಣಿದಾರರು ಬಯಸಿದ್ದು ಸಹಜವೇ.

ಆದರೆ ಜಪ್ತಿಯಿಂದ ನೇರವಾಗಿ ಹರಾಜಿಗೆ ಹೋಗಲು ಕಾನೂನು ಬಿಡುವುದಿಲ್ಲ. ಆ ಆಸ್ತಿಯಲ್ಲಿ ತಮಗೆ ಹಕ್ಕಿದೆ ಎನ್ನುವವರ ಅಹವಾಲನ್ನು ಮೊದಲು ಕೇಳಬೇಕು.

ವಂಚಕನಿಗೆ ಇಷ್ಟೆಲ್ಲ ದಾಕ್ಷಿಣ್ಯ ಏಕೆ ಎಂದು ಕೇಳುವವರಿದ್ದಾರೆ. ಅಹವಾಲು ಹೇಳಲು ಬರುವವನು ವಂಚಕನೊಬ್ಬನೇ ಆಗಿರುವುದಿಲ್ಲ. ಹಗರಣ ಹೊರಬೀಳುವ ಎಷ್ಟೋ ಮೊದಲು ಪೂರ್ತಿ ಹಣ ಕೊಟ್ಟು ಆ ಕಂಪನಿಯಿಂದ ಸೈಟು ಕೊಂಡವರಿರುತ್ತಾರೆ. ಕಟ್ಟಡವನ್ನು ಅಡಮಾನ ಮಾಡಿಕೊಂಡು ಸಾಲ ಕೊಟ್ಟ ಬ್ಯಾಂಕ್ ಇರುತ್ತದೆ. ಪಿತ್ರಾರ್ಜಿತ ಮನೆಯಲ್ಲಿ ಆರೋಪಿಯ ತಂಗಿಗೂ ಪಾಲಿರುತ್ತದೆ. ಇವರ ಮಾತು ಕೇಳದೆ ಯಾವುದು ಕಳ್ಳದುಡ್ಡಿನ ಆಸ್ತಿ, ಯಾವುದು ಬೆವರಿನದು ಎಂದು ವಿಂಗಡಿಸುವುದಾದರೂ ಹೇಗೆ? ಸರಿಯಾಗಿ ಕೇಳದೆ ಹೊರಡಿಸಿದ ಆದೇಶ ಮೇಲಿನ ಕೋರ್ಟಿನಲ್ಲಿ ಬಿದ್ದುಹೋದರೆ ಮತ್ತೆ ಕಾಯಬೇಕಾದವರೂ ಠೇವಣಿದಾರರೇ.

ಹಾಗೆಂದು ಜಪ್ತಿಗೆ ಮೊದಲೇ ನೋಟಿಸ್ ಕೊಡಬೇಕು ಎಂದೇನೂ ಇಲ್ಲ. ಕೊಟ್ಟರೆ ಮರುದಿನವೇ ಆಸ್ತಿ ಪರಭಾರೆಯಾಗುವ ಭಯವಿದೆ. 1978ರ ಮೇನಕಾ ಗಾಂಧಿ ಪಾಸ್‌ಪೋರ್ಟ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೊಂದು ದಾರಿ ತೋರಿಸಿತ್ತು: ತುರ್ತಿದ್ದರೆ ಮೊದಲು ಕ್ರಮ ಕೈಗೊಳ್ಳಬಹುದು, ಆದರೆ ಆಮೇಲೆ ತಡಮಾಡದೆ ಅಹವಾಲು ಕೇಳಬೇಕು.

ಇ.ಡಿ. ಜಪ್ತಿ ನಡೆಯುವುದು ಇದೇ ಕ್ರಮದಲ್ಲಿ. ಅಧಿಕಾರಿ ತನ್ನ ನಂಬಿಕೆಗೆ ಕಾರಣವನ್ನು ಬರೆದಿಟ್ಟು ಹೆಚ್ಚೆಂದರೆ 180 ದಿನಗಳ ತಾತ್ಕಾಲಿಕ ಜಪ್ತಿ ಮಾಡಬಹುದು. 30 ದಿನಗಳೊಳಗೆ ದೆಹಲಿಯ ನ್ಯಾಯನಿರ್ಣಯ ಪ್ರಾಧಿಕಾರಕ್ಕೆ ದೂರು ಸಲ್ಲಿಸಬೇಕು. ಪ್ರಾಧಿಕಾರ ನೋಟಿಸ್ ಕೊಟ್ಟು, ಉತ್ತರಿಸಲು ಕನಿಷ್ಠ 30 ದಿನ ಬಿಡಬೇಕು. ಆಸ್ತಿ ಜಂಟಿಯಾಗಿದ್ದರೆ ಎಲ್ಲ ಪಾಲುದಾರರಿಗೂ ನೋಟಿಸ್ ಹೋಗಬೇಕು. ನೋಟಿಸಿನಲ್ಲಿ ಹೆಸರಿಲ್ಲದವರು ಇದು ತಮ್ಮದೆಂದು ಬಂದರೆ ಅವರ ಮಾತನ್ನೂ ಕೇಳಬೇಕು. 180 ದಿನಗಳಲ್ಲಿ ಪ್ರಾಧಿಕಾರ ಅಂಗೀಕರಿಸದಿದ್ದರೆ ಜಪ್ತಿ ತಾನಾಗಿ ಬಿದ್ದುಹೋಗುತ್ತದೆ. ಈ ಅವಧಿಯಲ್ಲಿ ಮನೆ ಮಾರುವಂತಿಲ್ಲ, ಅದರಲ್ಲಿ ವಾಸಿಸಲು ಅಡ್ಡಿಯಿಲ್ಲ. ಅನೇಕರಿಗೆ ಇದು ತಿಳಿಯದೆ ನೋಟಿಸ್ ಕಂಡೊಡನೆ ಗಂಟುಮೂಟೆ ಕಟ್ಟುವ ಯೋಚನೆಗೆ ಬೀಳುತ್ತಾರೆ.

ಕಾಗದದ ಮೇಲೆ ಈ ವ್ಯವಸ್ಥೆ ಚೆನ್ನಾಗಿಯೇ ಇದೆ. ಕಷ್ಟ ಇರುವುದು ಪುರಾವೆಯಲ್ಲಿ. ಯಾವ ಆದಾಯದಿಂದ ಈ ಆಸ್ತಿ ಕೊಂಡಿರಿ ಎಂದು ನೋಟಿಸ್ ಕೇಳುತ್ತದೆ, ತೋರಿಸಬೇಕಾದ ಹೊಣೆ ಬಹುಮಟ್ಟಿಗೆ ಆಸ್ತಿ ಹೊಂದಿದವರ ಮೇಲೆ ಬೀಳುತ್ತದೆ. ಬಳ್ಳಾರಿಯಲ್ಲೋ ಮಂಗಳೂರಿನಲ್ಲೋ ಇರುವವರು ಹಳೆಯ ಬ್ಯಾಂಕ್ ದಾಖಲೆ ಹುಡುಕಿ ದೆಹಲಿಗೆ ಉತ್ತರ ಕಳಿಸಬೇಕು. 2022ರ ಜುಲೈ 27ರಂದು ವಿಜಯ್ ಮದನ್‌ಲಾಲ್ ಚೌಧರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಅಧಿಕಾರಗಳನ್ನು ಎತ್ತಿಹಿಡಿಯಿತು. ಅದೇ ತೀರ್ಪು ಒಂದು ಎಚ್ಚರಿಕೆಯನ್ನೂ ಕೊಟ್ಟಿದೆ: ಅಂತಿಮ ಮುಟ್ಟುಗೋಲು ಆದೇಶಕ್ಕೆ ಮೊದಲೇ ಜನರನ್ನು ಆಸ್ತಿಯಿಂದ ಹೊರಹಾಕುವುದು ಅಪರೂಪದ ಸಂದರ್ಭಕ್ಕೆ ಸೀಮಿತವಾಗಿರಬೇಕು, ರೂಢಿಯಾಗಬಾರದು.

ರಾಜ್ಯದ ಕಾಯ್ದೆಯಲ್ಲಿ ಈ ಕೆಲಸ ವಿಶೇಷ ನ್ಯಾಯಾಲಯದ್ದು. ಸರ್ಕಾರದ ಜಪ್ತಿ ಆದೇಶ ಖಾಯಂ ಆಗಬೇಕಾದರೆ ಸಕ್ಷಮ ಪ್ರಾಧಿಕಾರ ಅಲ್ಲಿ ಅರ್ಜಿ ಹಾಕಬೇಕು, ಆಕ್ಷೇಪಣೆ ಬಂದರೆ ನ್ಯಾಯಾಲಯ ವಿಚಾರಿಸಬೇಕು. ಇದೇ ಮಾದರಿಯ ತಮಿಳುನಾಡಿನ ಕಾಯ್ದೆಯನ್ನು ಸುಪ್ರೀಂ ಕೋರ್ಟ್ 2011ರಲ್ಲಿ ಎತ್ತಿಹಿಡಿದಿದೆ.

ಆಸ್ತಿಗಿಂತಲೂ ಸಾಮಾನ್ಯ ಜನರನ್ನು ತಟ್ಟುತ್ತಿರುವುದು ಬ್ಯಾಂಕ್ ಖಾತೆಯ ಸ್ಥಗಿತ. ಸೈಬರ್ ವಂಚನೆಯ ಹಣ ನಾಲ್ಕಾರು ಖಾತೆ ದಾಟಿ ಒಬ್ಬ ವ್ಯಾಪಾರಿಯ ಯುಪಿಐಗೆ ಬಂದರೆ, ಅವನ ಇಡೀ ಖಾತೆಯೇ ಫ್ರೀಜ್ ಆಗಬಹುದು. ದೂರು ದಾಖಲಾಗಿದ್ದು ಯಾವುದೋ ರಾಜ್ಯದ ಠಾಣೆಯಲ್ಲಿ. ಬ್ಯಾಂಕಿನವರು ಪೊಲೀಸರತ್ತ ಕೈ ತೋರಿಸುತ್ತಾರೆ. ಪೊಲೀಸರು ತಿಳಿಸಿದ ಮೊತ್ತಕ್ಕಷ್ಟೇ ತಡೆ ಇರಲಿ ಎಂದು ಕೇರಳ ಹೈಕೋರ್ಟ್ 2023ರಲ್ಲಿ ಬ್ಯಾಂಕುಗಳಿಗೆ ಹೇಳಿತು. ದಿನದ ದುಡಿಮೆಯ ಮೇಲೆ ಬದುಕುವವರಿಗೆ ಇದಕ್ಕಿಂತ ದೊಡ್ಡ ಆಸರೆ ಬೇಕಿಲ್ಲ, ಅದು ಎಲ್ಲ ಕಡೆಯೂ ಜಾರಿಯಾಗಬೇಕು. ಸಾಲದ ಖಾತೆಗೆ ‘ವಂಚನೆ’ ಎಂಬ ಹಣೆಪಟ್ಟಿ ಹಚ್ಚುವ ಮೊದಲು ಸಾಲಗಾರನಿಗೆ ವಿವರಣೆ ಕೊಡಲು ಅವಕಾಶ ಇರಬೇಕೆಂದು ಸುಪ್ರೀಂ ಕೋರ್ಟ್ ಕೂಡ ಅದೇ ವರ್ಷ ಹೇಳಿತು. ರಿಸರ್ವ್ ಬ್ಯಾಂಕ್ 2024ರಲ್ಲಿ ನಿಯಮ ಬದಲಿಸಿ, ಉತ್ತರಕ್ಕೆ ಕನಿಷ್ಠ 21 ದಿನ ಕೊಡಬೇಕೆಂದಿತು.

ಅಹವಾಲಿನ ಸಮಯ ಇನ್ನೂ ಕಿರಿದಾಗಿರುವುದು 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ. ಅದರ 107ನೇ ಕಲಂ ಪ್ರಕಾರ ಪೊಲೀಸರ ಅರ್ಜಿಯ ಮೇಲೆ ನ್ಯಾಯಾಲಯ ನೋಟಿಸ್ ಕೊಟ್ಟರೆ ಉತ್ತರಕ್ಕೆ ಸಿಗುವುದು 14 ದಿನ. ಹಾಜರಾಗದಿದ್ದರೆ ಏಕಪಕ್ಷೀಯ ಆದೇಶ. ಅಪರಾಧದಿಂದ ಬಂದ ಆಸ್ತಿ ಎಂದು ತೀರ್ಮಾನವಾದರೆ ಜಿಲ್ಲಾ ಮ್ಯಾಜಿಸ್ಟ್ರೇಟ್ 60 ದಿನಗಳಲ್ಲಿ ಅದನ್ನು ಸಂತ್ರಸ್ತರಿಗೆ ಹಂಚಬೇಕು. ಮೋಸಹೋದವರಿಗೆ ಬೇಗ ಹಣ ಸಿಗಲೆಂಬ ಉದ್ದೇಶ ಒಳ್ಳೆಯದೇ. ಆದರೆ ಆರೋಪಿ ತಪ್ಪಿತಸ್ಥನೆಂಬ ತೀರ್ಪು ಬರುವವರೆಗೆ ಈ ಹಂಚಿಕೆ ಕಾಯಬೇಕಿಲ್ಲ. ಮುಂದೆ ಅವನು ಖುಲಾಸೆಯಾದರೆ ಹಂಚಿಹೋದದ್ದು ಮರಳುವುದು ಹೇಗೆಂದು ಆ ಕಲಂ ಹೇಳುವುದಿಲ್ಲ. ಹಾಗಾಗಿ ನೋಟಿಸ್ ಬಂದವರು ಅದೇ ವಾರ ವಕೀಲರನ್ನು ಕಂಡು ಕ್ರಯಪತ್ರ, ಋಣಭಾರ ಪತ್ರ, ಹಣ ಸಂದಾಯವಾದ ವರ್ಷದ ಬ್ಯಾಂಕ್ ಸ್ಟೇಟ್‌ಮೆಂಟ್, ಆದಾಯ ತೆರಿಗೆ ರಿಟರ್ನ್ಸ್ ಒಟ್ಟುಮಾಡಿಕೊಂಡು ಲಿಖಿತ ಉತ್ತರ ಸಲ್ಲಿಸಬೇಕು. ತಮ್ಮ ವಿರುದ್ಧ ಬಳಸಿರುವ ದಾಖಲೆಗಳ ಪ್ರತಿಯನ್ನೂ ಅಲ್ಲೇ ಬರವಣಿಗೆಯಲ್ಲಿ ಕೇಳಬೇಕು.