ಹಾರುವ ನೌಕೆಯನ್ನು ನೂಕುವುದು ಯಾವುದು?

ಕಥೆಗಳಲ್ಲಿ ಆಕಾಶದಲ್ಲಿ ಹಾರುವ ನೌಕೆಗಳು ಬರುತ್ತವೆ. ರಾಮಾಯಣದ ಪುಷ್ಪಕ ವಿಮಾನದ ಹೆಸರನ್ನು ನೀವು ಕೇಳಿರುವಿರಿ. ಅದು ಮೊದಲು ಕುಬೇರನದಾಗಿತ್ತು. ರಾವಣನು ಅದನ್ನು ಕಿತ್ತುಕೊಂಡನು. ಯುದ್ಧ ಮುಗಿದ ಮೇಲೆ ಶ್ರೀರಾಮನು ಸೀತೆ, ಲಕ್ಷ್ಮಣರೊಡನೆ ಅದರಲ್ಲಿ ಕುಳಿತು ಅಯೋಧ್ಯೆಗೆ ಮರಳಿದನು. ಒಡೆಯನು ಮನಸ್ಸಿನಲ್ಲಿ ನೆನೆದರೆ ಸಾಕು, ಪುಷ್ಪಕವು ಆ ಕಡೆಗೆ ಹಾರುತ್ತಿತ್ತು. ಕಥೆಗೆ ಅಷ್ಟು ಸಾಕು. ಆದರೆ ನಿಜವಾದ ವಿಮಾನವು ಮನಸ್ಸಿನ ಮಾತನ್ನು ಕೇಳುವುದಿಲ್ಲ. ಅದನ್ನು ಯಾವುದಾದರೂ ಬಲವು ಮುಂದಕ್ಕೆ ನೂಕಬೇಕು. ಆ ಬಲವು ಎಲ್ಲಿಂದ ಬರುತ್ತದೆ? ನೋಡೋಣ.

ಮಕ್ಕಳೇ, ಒಂದು ಬಲೂನನ್ನು ಚೆನ್ನಾಗಿ ಊದಿರಿ. ಬಾಯಿ ಕಟ್ಟದೆ ಹಾಗೆಯೇ ಬಿಟ್ಟುಬಿಡಿರಿ. ಅದು ಸುರ್ರೆಂದು ಹಾರಿಹೋಗುತ್ತದೆ. ಗಾಳಿ ಒಂದು ಕಡೆಗೆ ನುಗ್ಗಿತು, ಬಲೂನು ಅದರ ಎದುರು ದಿಕ್ಕಿಗೆ ಹಾರಿತು. ಬಾವಿಯಲ್ಲಿ ಈಜುವಾಗಲೂ ಹೀಗೆಯೇ ಆಗುತ್ತದೆ. ನೀವು ಕೈಯಿಂದ ನೀರನ್ನು ಹಿಂದಕ್ಕೆ ತಳ್ಳುತ್ತೀರಿ, ನೀರು ನಿಮ್ಮನ್ನು ಮುಂದಕ್ಕೆ ತಳ್ಳುತ್ತದೆ. ಒಂದು ವಸ್ತು ಇನ್ನೊಂದನ್ನು ಎಷ್ಟು ಬಲದಿಂದ ನೂಕುತ್ತದೆಯೋ, ಅಷ್ಟೇ ಬಲದಿಂದ ಆ ಇನ್ನೊಂದು ವಸ್ತುವೂ ಮೊದಲನೆಯದನ್ನು ನೂಕುತ್ತದೆ. ಈ ನಿಯಮವನ್ನು ಇಂಗ್ಲೆಂಡಿನ ವಿಜ್ಞಾನಿ ನ್ಯೂಟನ್ 1687ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ತಿಳಿಸಿದನು. ವಿಮಾನ, ರಾಕೆಟ್ ಎಲ್ಲವೂ ಈ ನಿಯಮದಂತೆಯೇ ಮುಂದೆ ಸಾಗುತ್ತವೆ.

ಅಮೆರಿಕದ ರೈಟ್ ಸಹೋದರರು 1903ರ ಡಿಸೆಂಬರ್ 17ರಂದು ಎಂಜಿನ್ ಇದ್ದ ವಿಮಾನವನ್ನು ಹಾರಿಸಿದರು. ಅದರ ಮೊದಲ ಹಾರಾಟ ಕೇವಲ 12 ಸೆಕೆಂಡುಗಳದು. ಅದರ ಎಂಜಿನ್ ಎರಡು ಪಂಖಗಳನ್ನು ತಿರುಗಿಸುತ್ತಿತ್ತು. ಪಂಖಗಳು ಗಾಳಿಯನ್ನು ಹಿಂದಕ್ಕೆ ತಳ್ಳುತ್ತಿದ್ದವು. 2025ರ ಜೂನ್ ತಿಂಗಳಿನಲ್ಲಿ ಸೊಲ್ಲಾಪುರ ಮತ್ತು ಗೋವೆಗಳ ನಡುವೆ ಸಂಚಾರ ಆರಂಭಿಸಿದ ವಿಮಾನವೂ ಪಂಖದ ವಿಮಾನವೇ. ಜೆಟ್ ವಿಮಾನದ ಎಂಜಿನ್ ಮುಂದಿನಿಂದ ಗಾಳಿಯನ್ನು ಎಳೆದುಕೊಂಡು, ಅದರಲ್ಲಿ ಇಂಧನವನ್ನು ಉರಿಸಿ, ಬಿಸಿ ಗಾಳಿಯನ್ನು ರಭಸದಿಂದ ಹಿಂದಕ್ಕೆ ಎಸೆಯುತ್ತದೆ.

ಸಂಕ್ರಾಂತಿಯ ಹೊತ್ತಿಗೆ ವಳಸಂಗದಿಂದಲೂ ಅಕ್ಕಲಕೋಟೆಯಿಂದಲೂ ಜನರು ಸೊಲ್ಲಾಪುರದ ಸಿದ್ಧೇಶ್ವರ ಜಾತ್ರೆಗೆ ಹೋಗುತ್ತಾರೆ. ಅಲ್ಲಿ ಮದ್ದು ಸುಡುವುದನ್ನು ನೋಡಲು ಮಕ್ಕಳಿಗೆ ಬಲು ಆಸೆ. ಬೆಂಕಿಯ ಬಾಣವು ಕೆಳಕ್ಕೆ ಹೊಗೆ, ಕಿಡಿಗಳನ್ನು ಉಗುಳುತ್ತ ಮೇಲಕ್ಕೆ ಏರುತ್ತದೆ. ಅದೇ ಚಿಕ್ಕ ರಾಕೆಟ್. ಉರಿಯಲು ಬೇಕಾದ ಆಮ್ಲಜನಕವು ಅದರ ಮದ್ದಿನಲ್ಲಿಯೇ ಇರುತ್ತದೆ. ಆದುದರಿಂದಲೇ ಗಾಳಿಯಿಲ್ಲದ ಅಂತರಿಕ್ಷದಲ್ಲಿಯೂ ರಾಕೆಟ್ ಕೆಲಸ ಮಾಡುತ್ತದೆ. ಪಂಖದ ವಿಮಾನ ಅಲ್ಲಿ ಸಾಗಲಾರದು. ಏಕೆಂದರೆ ತಳ್ಳಲು ಅಲ್ಲಿ ಗಾಳಿಯೇ ಇಲ್ಲ.

ಈಗ ಕರ್ನಾಟಕದ ಒಂದು ಸಂಗತಿಯನ್ನು ಕೇಳಿರಿ. ಬೆಂಗಳೂರಿನ ಹತ್ತಿರ ಆನೇಕಲ್ ಎಂಬ ಊರಿದೆ. ಅಲ್ಲಿಯ ಪಂಡಿತ ಸುಬ್ಬರಾಯ ಶಾಸ್ತ್ರಿಗಳು ಸಂಸ್ಕೃತದಲ್ಲಿ ಶ್ಲೋಕಗಳನ್ನು ಹೇಳಿ ಬರೆಯಿಸಿದರು. ಅದೇ 'ವೈಮಾನಿಕ ಶಾಸ್ತ್ರ' ಎಂಬ ಪುಸ್ತಕವಾಯಿತು. ಅದರಲ್ಲಿ ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ವಿಮಾನಗಳ ವರ್ಣನೆಯಿದೆ. ಎಲ್ಲಪ್ಪ ಎಂಬವರು ಅವುಗಳ ಚಿತ್ರಗಳನ್ನು ಬರೆದರು. ಇದು ಭರದ್ವಾಜ ಮಹರ್ಷಿಗಳ ಕಾಲದ ವಿದ್ಯೆ ಎಂದು ಹಲವರು ನಂಬಿದರು. ಪುಸ್ತಕದ ಇಂಗ್ಲಿಷ್ ಅನುವಾದವು 1973ರಲ್ಲಿ ಮೈಸೂರಿನಲ್ಲಿ ಅಚ್ಚಾಯಿತು.

ಈ ವಿಮಾನಗಳು ನಿಜವಾಗಿಯೂ ಹಾರಬಲ್ಲವೇ? ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್. ಎಸ್. ಮುಕುಂದ ಮತ್ತು ಅವರ ನಾಲ್ವರು ಸಂಗಡಿಗರು ಇದನ್ನು ಪರೀಕ್ಷಿಸಲು ಮುಂದಾದರು. ಅವರು ಪುಸ್ತಕವನ್ನು ಗೇಲಿ ಮಾಡಲಿಲ್ಲ, ಕಣ್ಣು ಮುಚ್ಚಿ ನಂಬಲೂ ಇಲ್ಲ. ಶ್ಲೋಕಗಳನ್ನು ಓದಿದರು. ಚಿತ್ರಗಳನ್ನು ಶ್ಲೋಕಗಳೊಡನೆ ಹೋಲಿಸಿ ನೋಡಿದರು. ರುಕ್ಮ ವಿಮಾನದಲ್ಲಿ ಪಂಖಗಳು ಮೇಲಿನ ಗಾಳಿಯನ್ನು ಎಳೆದು ಉದ್ದನೆಯ ಕೊಳವೆಗಳ ಮೂಲಕ ಕೆಳಕ್ಕೆ ತಳ್ಳುತ್ತವೆ. ಆ ಒಂದು ವಿಚಾರದಲ್ಲಿ ಮಾತ್ರ ಅವರಿಗೆ ಸ್ವಲ್ಪ ಅರ್ಥ ಕಂಡಿತು.

ಅವರು 1974ರಲ್ಲಿ ತಮ್ಮ ನಿರ್ಣಯವನ್ನು ಪ್ರಕಟಿಸಿದರು. ಈ ನಾಲ್ಕರಲ್ಲಿ ಯಾವ ವಿಮಾನವೂ ಹಾರಲಾರದು. ಅವುಗಳ ಆಕಾರ ಹಾರಾಟಕ್ಕೆ ತಕ್ಕುದಲ್ಲ. ಅವುಗಳನ್ನು ನೂಕುವ ಏರ್ಪಾಡು ಹಾರಾಟಕ್ಕೆ ನೆರವಾಗುವ ಬದಲು ಅಡ್ಡಿಯಾಗುತ್ತದೆ. ಶ್ಲೋಕಗಳಿಗೂ ಚಿತ್ರಗಳಿಗೂ ಹೊಂದಿಕೆಯಿಲ್ಲ. ಭಾಷೆಯನ್ನು ನೋಡಿದರೆ ಇದು ವೇದಕಾಲದ ಗ್ರಂಥವಲ್ಲ, 1904ಕ್ಕಿಂತ ಹಿಂದಿನದೂ ಅಲ್ಲ. ಇದೇ ಅವರ ನಿರ್ಣಯ.

ಇಷ್ಟು ಕಟ್ಟುನಿಟ್ಟಾಗಿ ಏಕೆ ನೋಡಬೇಕು? ನಂಬಿಕೆಯಿಂದ ವಿಮಾನ ಮೇಲೇಳುವುದಿಲ್ಲ. ಅದರಲ್ಲಿ ಕುಳಿತವರ ಪ್ರಾಣವು ಸರಿಯಾದ ಲೆಕ್ಕದ ಮೇಲೆ ನಿಂತಿರುತ್ತದೆ. ಲೆಕ್ಕ ತಪ್ಪಿದರೆ ಹಳೆಯ ಹೆಸರು ಅವರನ್ನು ಕಾಪಾಡದು. ಹಾಗೆಂದು ಕಥೆಗಳನ್ನು ಬಿಡಬೇಕಾಗಿಲ್ಲ. ಹಕ್ಕಿಯಂತೆ ಹಾರಬೇಕು ಎಂಬ ಆಸೆಯನ್ನು ಕಥೆಗಳು ಬೆಳೆಸುತ್ತವೆ. ಹಾರುವ ದಾರಿಯನ್ನು ವಿಜ್ಞಾನ ತೋರಿಸುತ್ತದೆ.

ಭಾರತೀಯ ಬಾಹ್ಯಾಕಾಶ ಸಂಶೋಧನಾ ಸಂಸ್ಥೆಯು ಅಂತರಿಕ್ಷಕ್ಕೆ ಹೋಗಿ ಮರಳಿ ಬಂದು, ಮತ್ತೆ ಹಾರಬಲ್ಲ ವಾಹನಕ್ಕಾಗಿ ಪ್ರಯೋಗ ನಡೆಸಿದೆ. ಅದಕ್ಕಾಗಿ ರೆಕ್ಕೆಯುಳ್ಳ ಒಂದು ಪರೀಕ್ಷಾ ವಾಹನವನ್ನು ಸಿದ್ಧಪಡಿಸಿತು. ಕರ್ನಾಟಕದ ಚಿತ್ರದುರ್ಗ ಜಿಲ್ಲೆಯಲ್ಲಿ 2024ರ ಮಾರ್ಚ್ 22ರಂದು ಹೆಲಿಕಾಪ್ಟರೊಂದು ಅದನ್ನು ನಾಲ್ಕೂವರೆ ಕಿಲೋಮೀಟರು ಎತ್ತರಕ್ಕೆ ಒಯ್ದು ಬಿಟ್ಟಿತು. ಒಳಗೆ ಚಾಲಕನಿರಲಿಲ್ಲ. ವಾಹನವು ತಾನೇ ದಾರಿ ಸರಿಪಡಿಸಿಕೊಂಡು ತೇಲುತ್ತ ಬಂದು ಓಡುದಾರಿಯ ಮೇಲೆ ಇಳಿಯಿತು. ಅದರ ಹೆಸರೇನು ಗೊತ್ತೇ? ಪುಷ್ಪಕ! ಹೆಸರು ಕಥೆಯದು, ಕೆಲಸ ಲೆಕ್ಕದ್ದು.

ಮುಂದೆ ಯಾರಾದರೂ ನಿಮಗೆ ಒಂದು ಅದ್ಭುತ ನೌಕೆಯ ವಿಷಯವನ್ನು ಹೇಳಿದರೆ ಸಂತೋಷದಿಂದ ಕೇಳಿರಿ. ಬಳಿಕ ಮೂರು ಪ್ರಶ್ನೆಗಳನ್ನು ಕೇಳಿರಿ: ಅದು ಯಾವುದನ್ನು ಹಿಂದಕ್ಕೆ ತಳ್ಳುತ್ತದೆ? ತಳ್ಳುವ ಶಕ್ತಿ ಅದಕ್ಕೆ ಎಲ್ಲಿಂದ ಬರುತ್ತದೆ? ಅದರ ಭಾರಕ್ಕೆ ಆ ಶಕ್ತಿ ಸಾಕಾಗುತ್ತದೆಯೇ?